ಬಲಗೈಯ ಅಳತೆ

ಬಳೆ ಬಲಗೈಗೂ ಸಲೀಸಾಗಿ ಇಳಿಯಿತು. ಜಯಶೀಲಾ ಹೆಬ್ಬೆರಳನ್ನು ಅಂಗೈಯೊಳಗೆ ಮಡಚಿ, ಉಳಿದ ಬೆರಳುಗಳನ್ನು ಒತ್ತಾಗಿ ಕೂಡಿಸಿ, ನೋವಿಗೆ ಮೊದಲೇ ಹಲ್ಲು ಕಚ್ಚಿಕೊಂಡು ಕೂತಿದ್ದಳು. ನೋವೇ ಆಗಲಿಲ್ಲ. ಸೊಸೆ ರಶ್ಮಿ ಹಸಿರು ಗಾಜಿನ ಬಳೆಗಳನ್ನು ಒಂದೊಂದಾಗಿ ಏರಿಸುತ್ತ, "ನೋಡಿ ಅತ್ತೆ, ಎಷ್ಟು ಈಸಿಯಾಗಿ ಹೋದ್ವು! ಎರಡೂ ಕೈಗೆ ಒಂದೇ ಸೈಜ್ ತಂದಿದ್ದೆ, ಕರೆಕ್ಟಾಯ್ತು," ಎಂದು ಖುಷಿಪಟ್ಟಳು. ಒಂದೇ ಸೈಜು! ಜಯಶೀಲಾಳ ಕಿವಿಗೆ ಆ ಮಾತು ಬೈಗುಳದಂತೆ ಬಿತ್ತು. ಮದುವೆಯಾದಾಗಿನಿಂದ ಶಿವಮೊಗ್ಗದ ಗಾಂಧಿ ಬಜಾರಿನ ಬಳೆ ಅಂಗಡಿಯಲ್ಲಿ ಅವಳು ಎಡಗೈಗೆ ಒಂದು ಅಳತೆ, ಬಲಗೈಗೆ ಅದಕ್ಕಿಂತ ಒಂದು ಸೈಜ್ ದೊಡ್ಡದು ಕೇಳಿ ತರುತ್ತಿದ್ದವಳು. ಎರಡು ಕಟ್ಟು ಬಿಚ್ಚಿ ಅರ್ಧರ್ಧ ಕೊಡಬೇಕಲ್ಲ ಎಂದು ಅಂಗಡಿಯವನು ಪ್ರತಿ ಸಲ ಗೊಣಗುತ್ತಿದ್ದ. ಗೊಣಗಿಕೊಳ್ಳಲಿ ಎಂದು ಇವಳು ಕೈಚಾಚಿ ನಿಂತಿರುತ್ತಿದ್ದಳು. ಯಾರಿಗೂ ಹೇಳದೆ ಇಟ್ಟುಕೊಂಡ ಜಂಬ ಅದು. ಆ ಕೈ ಎಡಗೈಯಷ್ಟೇ ಆದದ್ದು ಯಾವಾಗ? ಯಾವ ವರ್ಷ, ಏನು ಬೇಯಿಸುತ್ತಿದ್ದಾಗ? ತನ್ನದೇ ಕೈ ತನಗೊಂದು ಮಾತು ಹೇಳದೆ ಇಳಿದುಹೋಗಿದೆಯಲ್ಲ ಎಂದು ಅವಳಿಗೆ ರೇಗಿತು, ಆ ಸಿಟ್ಟು ಎದುರಿಗೆ ಕೂತಿದ್ದ ರಶ್ಮಿಯ ಮೇಲೆ ಹೋಯಿತು. "ಬಳೆ ಬೇಕು ಅಂತ ಯಾರು ಕೇಳಿದ್ರು ನಿನ್ನ?" ಎಂದಳು. ರಶ್ಮಿಯ ಮುಖ ಸಣ್ಣದಾಯಿತು. "ಮಾವನೇ ಹೇಳಿದ್ರು ಅತ್ತೆ. ಪ್ಲಾಸ್ಟರ್ ಬಿಚ್ಚಿ ಇಷ್ಟು ದಿನ ಆಯ್ತು, ಇನ್ನೂ ಬೋಳು ಕೈಯಲ್ಲಿ ಓಡಾಡೋದು ಚೆನ್ನಾಗಿರಲ್ಲ ಅಂತ."

ಪ್ಲಾಸ್ಟರ್ ಹಾಕಿದ್ದು ಎಡಗೈಗೆ. ಚಳಿಗಾಲದ ಒಂದು ಬೆಳಿಗ್ಗೆ ದೇವರ ಕೋಣೆಯ ಮುಂದೆ, ತಾನೇ ಒರೆಸಿದ ಒದ್ದೆ ನೆಲದಲ್ಲಿ ಕಾಲು ಜಾರಿ, ಕೈ ಊರಿದ್ದಳು. ಊರಿದ್ದಷ್ಟೆ, ಮಣಿಕಟ್ಟು ಮುರಿದಿತ್ತು. ಇಷ್ಟಕ್ಕೆಲ್ಲ ಮೂಳೆ ಮುರಿಯಬಾರದು ಎಂದು ಡಾಕ್ಟರಮ್ಮ ಸ್ಕ್ಯಾನ್ ಮಾಡಿಸಿದರು. ಫಲಿತಾಂಶ ಬಂದ ದಿನ ಅವರು ಮಾತಾಡಿದ್ದೆಲ್ಲ ಜಯಶೀಲಾಳ ಗಂಡ ಶಿವಯೋಗಪ್ಪನ ಮುಖ ನೋಡಿಕೊಂಡೇ. "ಇವ್ರಿಗೆ ಮುಟ್ಟು ನಿಂತು ಎಷ್ಟು ವರ್ಷ ಆಯ್ತು?" ಎಂದು ಕೇಳಿದ್ದೂ ಅವನನ್ನೇ. ಅವನು ಒಂದಿಷ್ಟೂ ಅಳುಕದೆ "ಆಗಿರ್ಬೇಕು, ಒಂದು ಐದಾರು ವರ್ಷ" ಎಂದ. ಅದರ ಎರಡರಷ್ಟಾಗಿತ್ತು. ಜಯಶೀಲಾ ಬಾಯಿ ತೆರೆಯುವಷ್ಟರಲ್ಲಿ ಡಾಕ್ಟರು ಅದನ್ನೇ ಬರೆದುಕೊಂಡಿದ್ದರು. ಮೂಳೆ ಟೊಳ್ಳಾಗ್ತಾ ಇದೆ, ಮಾತ್ರೆ ಕೊಡ್ತೀನಿ, ಆದ್ರೆ ಮಾತ್ರೆ ಒಂದರಿಂದಲೇ ಆಗಲ್ಲ, ಮೂಳೆ ಮೇಲೆ ಭಾರ ಬಿದ್ರೇನೇ ಅದು ಗಟ್ಟಿಯಾಗೋದು, ದಿನಾ ನಡೀಬೇಕು, ಮೆಟ್ಲು ಹತ್ತಬೇಕು, ಸಣ್ಣದರಿಂದ ಶುರು ಮಾಡಿ ಸ್ವಲ್ಪ ಸ್ವಲ್ಪ ಭಾರ ಎತ್ತಬೇಕು, ಮೈಗೆ ಬಿಸಿಲು ಬೀಳ್ಬೇಕು, ರಾಗಿ, ಎಳ್ಳು, ಹಾಲು, ಸೊಪ್ಪು ಬಿಡಬಾರದು, ಮತ್ತೆ ಹುಷಾರು, ಬೀಳಬಾರದು. ಇಷ್ಟುದ್ದದ ಮಾತಿನಲ್ಲಿ ಶಿವಯೋಗಪ್ಪನ ಕಿವಿಗೆ ಹೋದದ್ದು ಕೊನೆಯದೊಂದೇ. ಆಲ್ಕೊಳ ಸರ್ಕಲ್ಲಿನ ಹತ್ತಿರ ಅವನದು ಟೈರ್ ಅಂಗಡಿ. ಹಳೆ ಟೈರಿನ ಮೇಲೆ ಹೆಬ್ಬೆರಳಾಡಿಸಿ, ಇದು ಇನ್ನೆಷ್ಟು ದೂರ ಓಡುತ್ತದೆ ಎಂದು ಹೇಳುವುದರಲ್ಲೇ ಅವನ ಆಯುಷ್ಯ ಕಳೆದಿದೆ. ದಾರಿಯಲ್ಲಿ ಕಾರು ಓಡಿಸುತ್ತ ಅವನೇ ತೀರ್ಪು ಕೊಟ್ಟ: "ಎಲ್ಲ ಟೈರ್ ಥರಾನೇ ಮಾರಾಯ್ತಿ. ಓಡಿಸಿದಷ್ಟೂ ಸವೆಯುತ್ತೆ. ಇರೋದನ್ನ ಜೋಪಾನ ಮಾಡ್ಕೊ, ಸಾಕು."

ಹಾಗೆ ಅವಳ ಜೋಪಾನ ಶುರುವಾಯಿತು. ಅಡುಗೆಮನೆಗೆ ಒಂದು ಪ್ಲಾಸ್ಟಿಕ್ ಕುರ್ಚಿ ಬಂತು. ಅವಳು ಒಲೆಯ ಮುಂದೆ ನಿಂತರೆ ಸಾಕು, ಯಾರಾದರೂ ಅದನ್ನು ಹಿಂದಿನಿಂದ ತಂದು ಮೊಣಕಾಲಿಗೆ ತಾಗಿಸುತ್ತಿದ್ದರು. ನೀರಿನ ಬಿಂದಿಗೆಗೆ ಕೈ ಹಾಕಿದರೆ ರಶ್ಮಿ ಓಡಿಬಂದು ಇಸಿದುಕೊಳ್ಳುತ್ತಿದ್ದಳು. ಹಿಟ್ಟಿನ ಡಬ್ಬ, ದೊಡ್ಡ ಕುಕ್ಕರು, ಒದ್ದೆ ಬಟ್ಟೆಯ ಬಕೆಟ್ಟು, ಎಲ್ಲವೂ ಅವಳ ಕೈಯಿಂದ ಹೋದವು. ಮಗ ಮಲ್ಲಿಕ್ ಅಂಗಡಿಯಿಂದ ಬಂದವನೇ "ಅಮ್ಮ ಕೂತಿದಾರಾ?" ಎಂದು ಹೆಂಡತಿಯನ್ನು ವಿಚಾರಿಸುತ್ತಿದ್ದ. ಮನೆಗೆ ಬಂದವರ ಮುಂದೆಲ್ಲ ಶಿವಯೋಗಪ್ಪ, "ನಮ್ಮನೆಯವಳಿಗೆ ಮೂಳೆ ಸವೆದುಬಿಟ್ಟಿದೆ" ಎಂದು ಹೊಸ ಫ್ರಿಜ್ಜು ತಂದ ಸುದ್ದಿಯಂತೆ ಹೇಳುತ್ತಿದ್ದ. ಬಂದವರು ಅವಳ ಕಡೆ ಒಮ್ಮೆ ನೋಡಿ ಚ್ಚುಚ್ಚು ಎಂದು, ಕಾಫಿ ಕುಡಿದು ಹೋಗುತ್ತಿದ್ದರು. ಇದನ್ನೆಲ್ಲ ಅವಳು ನುಂಗಿಕೊಂಡಿದ್ದಳು. ನುಂಗಲಾಗದೆ ಹೋದದ್ದು ತಾರಸಿಯ ವಿಚಾರ. ಅವಳು ಬಿದ್ದದ್ದು ದೇವರ ಕೋಣೆಯ ಮುಂದೆ, ಬೀಗ ಬಿದ್ದದ್ದು ತಾರಸಿಯ ಮೆಟ್ಟಿಲಿಗೆ. ದೇವರ ಕೋಣೆಗೆ ಬೀಗ ಹಾಕುವ ಧೈರ್ಯ ಅವನಿಗೆಲ್ಲಿಂದ ಬರಬೇಕು? ದುರ್ಗಿಗುಡಿಯ ಆ ಹಳೆಯ ಮನೆಯ ಎರಡೂ ಪಕ್ಕಕ್ಕೆ ಕಟ್ಟಡಗಳು ಎದ್ದು ಕಿಟಕಿಗಳೆಲ್ಲ ಕುರುಡಾಗಿದ್ದವು. ಬಿಸಿಲೆಂಬುದು ಉಳಿದಿದ್ದದ್ದು ತಾರಸಿಯಲ್ಲಿ. ಹತ್ತಲು ಮೆಟ್ಟಿಲೆಂದಿದ್ದದ್ದೂ ಅದೊಂದೇ. ಮೆಟ್ಟಿಲ ಬುಡದ ಮರದ ಬಾಗಿಲಿಗೆ ಒಂದು ಬೀಗ ಜಡಿದು ಬೀಗದ ಕೈಯನ್ನು ಶಿವಯೋಗಪ್ಪ ತನ್ನ ಅಂಗಿಯ ಜೇಬಿನಲ್ಲಿಟ್ಟುಕೊಂಡು ಅಂಗಡಿಗೆ ಹೋಗುತ್ತಿದ್ದ. ಬೇಸಿಗೆ ಬಂದಿತ್ತು. ಪ್ರತಿವರ್ಷ ಈ ಹೊತ್ತಿಗೆ ಅವಳು ಮೇಲೆ ಹಳೆ ಸೀರೆ ಹಾಸಿ ಸಂಡಿಗೆ ಇಟ್ಟು, ದಿನಕ್ಕೆ ಹತ್ತು ಸಲ ಹತ್ತಿ ಇಳಿದು, ಕಾಗೆ ಓಡಿಸುತ್ತಿದ್ದಳು. ಈ ವರ್ಷ ರಶ್ಮಿ ಅಂಗಡಿಯಿಂದ ಪ್ಯಾಕೆಟ್ ಸಂಡಿಗೆ ತಂದಿದ್ದಳು.

ಬಳೆ ತೊಟ್ಟ ಆ ಬೆಳಿಗ್ಗೆ ಶಿವಯೋಗಪ್ಪ ತಿಂಡಿಗೆ ಕೂತಾಗ ಅವಳು ಕೇಳಿಯೇಬಿಟ್ಟಳು. ಕೇಳುವ ಮೊದಲು ಮನಸ್ಸಿನಲ್ಲೇ ಮಾತನ್ನು ತಿರುಗಿಸಿ ನೋಡಿಕೊಂಡಳು, ಜಾತ್ರೆಗೆ ಕಾಸು ಕೇಳುವ ಹುಡುಗಿಯ ಹಾಗೆ. ಅರವತ್ತರ ಹತ್ತಿರ ಬಂದವಳು, ತನ್ನ ಮನೆಯ ಮೆಟ್ಟಿಲು ಹತ್ತಲು. "ರೀ, ಬೀಗದ ಕೈ ಕೊಟ್ಟು ಹೋಗಿ. ಸ್ವಲ್ಪ ಹೊತ್ತು ಬಿಸಿಲಲ್ಲಿ ಓಡಾಡ್ಕೊಂಡು ಬರ್ತೀನಿ."

ಅವನ ಕೈ ತಾನಾಗಿ ಜೇಬಿನ ಮೇಲೆ ಹೋಯಿತು. "ಬೀಳ್ತೀಯ."

"ಡಾಕ್ಟರೇ ಹೇಳಿದಾರಲ್ಲ, ಮೆಟ್ಲು ಹತ್ತಿ ಅಂತ."

"ಡಾಕ್ಟರ್ ಹೇಳ್ತಾರೆ. ಬಿದ್ರೆ ಎತ್ತೋಕೆ ಅವ್ರು ಬರ್ತಾರಾ? ಅವ್ವನ್ನ ನೋಡಿದೀನಿ ಕಣೆ ನಾನು. ಒಂದ್ಸಲ ಸೊಂಟ ಮುರ್ಕೊಂಡ್ರೆ ಮುಗೀತು." ಅವನು ನಿಜವಾಗಿಯೂ ಹೆದರಿದ್ದ. ಆ ಹೆದರಿಕೆಯೇ ಅವಳಿಗೆ ಇನ್ನಷ್ಟು ಉರಿ ಹತ್ತಿಸಿತು. ಗದರಿಸಿದ್ದರೆ ತಿರುಗಿ ಗದರಿಸಬಹುದಿತ್ತು, ಹೆದರಿದವನ ಜೊತೆ ಏನು ಜಗಳವಾಡುವುದು? ಅವನು ಕೈತೊಳೆದು, ಜೇಬನ್ನು ಇನ್ನೊಮ್ಮೆ ಮುಟ್ಟಿ ನೋಡಿಕೊಂಡು ಅಂಗಡಿಗೆ ಹೊರಟ.

ಅವ್ವನನ್ನು ನೋಡಿದ್ದನಂತೆ. ಅವನ ತಾಯಿ ಮಹಾಂತಮ್ಮ ಕೂಡ ಮೊದಲು ಬಿದ್ದದ್ದು ಸಣ್ಣದಾಗಿಯೇ. ಏಟೇನೂ ಆಗಿರಲಿಲ್ಲ. ಆದರೂ ಮನೆಮಂದಿಯೆಲ್ಲ ಸೇರಿ ಆಕೆಯನ್ನು ಹಾಲ್‌ನ ಮೂಲೆಯಲ್ಲಿ ಕೂರಿಸಿದರು, ಜಯಶೀಲಾಳೂ ಸೇರಿ. ಊಟ ಕೂತಲ್ಲಿಗೆ, ನೀರು ಕೂತಲ್ಲಿಗೆ. ಎರಡು ವರ್ಷ ಕೂತ ಮೇಲೆ ಒಂದು ದಿನ ಬಚ್ಚಲಿಗೆ ಹೋಗಲು ಎದ್ದರೆ ಕಾಲು ಮೈಯನ್ನು ಹೊರಲಿಲ್ಲ, ಸೊಂಟ ಮುರಿಯಿತು. ಮಲಗಿದಲ್ಲೇ ಬೆನ್ನು ಹುಣ್ಣಾಯಿತು. ಮಗ ದಿನಕ್ಕೆರಡು ಸಲ ಬಾಗಿಲಲ್ಲಿ ನಿಂತು ಮೂಗಿಗೆ ಟವೆಲ್ ಹಿಡಿದು "ಹೇಗಿದೀಯವ್ವ" ಎನ್ನುತ್ತಿದ್ದ. ಕಂಕುಳಿಗೆ ಕೈ ಕೊಟ್ಟು ಎತ್ತಿ, ಹೊರಳಿಸಿ, ಒರೆಸಿ, ಮತ್ತೆ ಮಲಗಿಸಿದವಳು ಜಯಶೀಲಾ. ಒಮ್ಮೆ ಹಾಗೆ ಎತ್ತುವಾಗ ಮಹಾಂತಮ್ಮ ಇವಳ ಬಲತೋಳನ್ನು ಹಿಡಿದುಕೊಂಡು, "ನೀನು ಎತ್ತಿದ್ರೆ ನಂಗೆ ಹೆದ್ರಿಕೆ ಆಗಲ್ಲ ಕಣೆ" ಎಂದಿದ್ದಳು. ಬೇರೆಯವರಾದರೆ ಕಣ್ಣೀರು ಹಾಕುತ್ತಿದ್ದರೇನೋ. ಜಯಶೀಲಾ ಹಲ್ಲು ಕಟಕಟ ಕಡಿದಿದ್ದಳು. ಇದೇ ತೋಳಿಗಲ್ಲವೇ ನೀನು ಅವತ್ತು ನಕ್ಕದ್ದು? ಮದುವೆಯ ಬಳೆ ಶಾಸ್ತ್ರದ ದಿನ, ಭದ್ರಾವತಿಯ ಕ್ವಾರ್ಟರ್ಸಿನ ಅಂಗಳದಲ್ಲಿ, ಮುದಿ ಬಳೆಗಾರ ಇವಳ ಬಲಗೈಯನ್ನು ಎಣ್ಣೆ ಹಚ್ಚಿ ಹಿಚುಕಿ ಹಿಚುಕಿ ಸೋತು, ಮೂರು ಬಳೆ ಒಡೆದು, "ಇದೇನ್ರಮ್ಮ, ಹುಡುಗಿ ಕೈಯೋ ಕಾರ್ಖಾನೆ ಕೈಯೋ" ಎಂದಾಗ ಸೇರಿದ ಹೆಂಗಸರೆಲ್ಲ ಗೊಳ್ಳೆಂದಿದ್ದರು. ಬೀಗಿತ್ತಿಯ ಜಾಗದಲ್ಲಿ ಕೂತಿದ್ದ ಮಹಾಂತಮ್ಮ ಸೆರಗು ಬಾಯಿಗಿಟ್ಟು ಎಲ್ಲರಿಗಿಂತ ಹೆಚ್ಚು ಹೊತ್ತು ನಕ್ಕಿದ್ದಳು. ಹದಿನೆಂಟೋ ಹತ್ತೊಂಬತ್ತೋ ಆಗಿದ್ದ ಜಯಶೀಲಾ ತಲೆ ತಗ್ಗಿಸಿ, ಆ ಕೈಯನ್ನು ಸೀರೆಯ ಮಡಿಕೆಯೊಳಗೆ ತುರುಕಿಕೊಂಡಿದ್ದಳು.

ಫೋನು ರಿಂಗಾಯಿತು. ಭದ್ರಾವತಿಯಿಂದ ಅಣ್ಣ ಜಂಬಣ್ಣ. ಅಪ್ಪನ ಕಾಲದಿಂದ ಇದ್ದ ಕ್ವಾರ್ಟರ್ಸ್ ಬಿಟ್ಟು, ಊರಾಚೆ ಕಟ್ಟಿಸಿದ ಸ್ವಂತ ಮನೆಗೆ ನಾಳೆ ಸಾಮಾನು ಸಾಗಿಸುತ್ತಾನಂತೆ. "ಹಳೇದೆಲ್ಲ ಗುಜರಿಗೆ ಹಾಕ್ತಾ ಇದೀವಿ ಕಣೆ ಜಯಾ. ಅಮ್ಮಂದು ಕಂಚಿನ ಚೊಂಬು, ರುಬ್ಬುಗುಂಡು ಎಲ್ಲ ಇದೆ. ನಿಂಗೇನಾದ್ರೂ ಬೇಕಾ? ಮಲ್ಲಿಕ್ ಈ ಕಡೆ ಬಂದಾಗ ಕೊಟ್ಟು ಕಳಿಸ್ತೀನಿ."

"ನನ್ನ ಗುಂಡು?" ಎಂದು ಅವಳ ಬಾಯಿಂದ ಬಂದೇಬಿಟ್ಟಿತು. ಇಷ್ಟು ವರ್ಷ ಆ ಮಾತನ್ನು ಅವಳು ಆಡಿರಲಿಲ್ಲ.

"ಯಾವ್ ಗುಂಡು? ಓ, ಅದಾ! ಅದು ನಿಮ್ಮತ್ತಿಗೆ ಉಪ್ಪಿನಕಾಯಿ ಭರಣಿ ಮೇಲಿದೆ. ಅದ್ಯಾಕೆ ನಿಂಗೆ?"

"ಗುಜರಿಗೆ ಹಾಕ್ಬೇಡ. ನಾನೇ ಬರ್ತೀನಿ," ಎಂದು ಫೋನ್ ಇಟ್ಟಳು. ರಶ್ಮಿ ಸ್ನಾನಕ್ಕೆ ಹೋಗಿದ್ದಳು. ಜಯಶೀಲಾ ಕಾಯಿಪಲ್ಯದ ಗಟ್ಟಿ ಚೀಲವೊಂದನ್ನು ಮಡಚಿ ಕಂಕುಳಲ್ಲಿಟ್ಟುಕೊಂಡು ಚಪ್ಪಲಿ ಮೆಟ್ಟಿದಳು. ಬಾಗಿಲು ಮುಂದೆ ಮಾಡಿ, "ಭದ್ರಾವತಿಗೆ ಹೋಗ್ತಿದೀನಿ" ಎಂದು ಬಚ್ಚಲಿನ ಕಡೆ ಕೂಗಿದಳು, ನೀರಿನ ಸದ್ದಿನಲ್ಲಿ ಅದು ಕೇಳಲಾರದೆಂದು ಗೊತ್ತಿದ್ದೇ.

ಬಸ್‌ಸ್ಟ್ಯಾಂಡಿನವರೆಗೂ ನಡೆದಳು. ಆಟೋದವರು ಪಕ್ಕಕ್ಕೆ ತಂದು ನಿಲ್ಲಿಸಿ "ಬನ್ನಿ ಅಮ್ಮ" ಎಂದರೆ ಅವರ ಮೇಲೂ ಸಿಟ್ಟು. ಮೊದಮೊದಲು ಕಾಲಿಗೆ ನಂಬಿಕೆ ಬರಲಿಲ್ಲ. ಫುಟ್‌ಪಾತಿನಲ್ಲಿ ಕಿತ್ತ ಟೈಲ್ಸ್ ಕಂಡಲ್ಲೆಲ್ಲ ಗಂಡನ "ಬೀಳ್ತೀಯ" ಕಿವಿಯಲ್ಲಿ ಕೇಳಿಸಿ ಹೆಜ್ಜೆ ತಡವರಿಸುತ್ತಿತ್ತು. ನನ್ನ ಹೆದರಿಕೆಯಲ್ಲ ಇದು, ಅವನದ್ದು, ಅವನು ನನ್ನ ಮೊಣಕಾಲೊಳಗೆ ತುಂಬಿ ಕಳಿಸಿದ್ದು ಎಂದು ಅವಳು ಹಲ್ಲು ಕಚ್ಚಿದಳು. ಸರ್ಕಾರಿ ಬಸ್ಸು ತುಂಬಿತ್ತು. ಕಾಲೇಜಿನ ಹುಡುಗಿಯೊಬ್ಬಳು ಎದ್ದು "ಅಜ್ಜಿ, ಕೂತ್ಕೊಳ್ಳಿ" ಎಂದಳು. ಒಳ್ಳೆಯ ಹುಡುಗಿಯೇ. ಆದರೂ ಜಯಶೀಲಾ "ಯಾಕೆ, ನಿಂತ್ರೆ ಏನಾಗುತ್ತೆ ನಂಗೆ?" ಎಂದು ಸಿಡುಕಿದಳು. ಹುಡುಗಿ ಕೆಂಪಾಗಿ, ಕೂರಲೂ ಆಗದೆ ನಿಲ್ಲಲೂ ಆಗದೆ ಒದ್ದಾಡಿದಳು. ಕಂಡಕ್ಟರು ಆಧಾರ್ ಕಾರ್ಡ್ ನೋಡಿ ಟಿಕೆಟ್ ಹರಿದು ಕೊಡುತ್ತ, "ಬಿಗಿಯಾಗಿ ಹಿಡ್ಕೊಳ್ಳಿ ಅಮ್ಮ" ಎಂದ. ತುಂಗಾ ಸೇತುವೆ ದಾಟಿ ವಿದ್ಯಾನಗರದ ಉಬ್ಬುಗಳ ಮೇಲೆ ಬಸ್ಸು ಕುಪ್ಪಳಿಸಿದಾಗ ಅವಳು ಪಾದ ಅಗಲಿಸಿ, ಮೊಣಕಾಲು ಸ್ವಲ್ಪ ಬಗ್ಗಿಸಿ, ಭಾರವನ್ನು ತೊಡೆಗೆ ಬಿಟ್ಟುಕೊಂಡಳು. ಯಾರೂ ಹೇಳಿಕೊಡಲಿಲ್ಲ, ಮೈ ತಾನಾಗಿ ಹಾಗೆ ನಿಂತಿತು. ಬೆನ್ನಿಂದಲ್ಲ ಮಗಾ, ತೊಡೆಯಿಂದ, ಎನ್ನುತ್ತಿದ್ದ ಅಪ್ಪ. ಗುಂಡು ಕೈಯಿಂದ ಹೋಗಲ್ಲ, ನೆಲದಿಂದ ಎದ್ದು ಬರುತ್ತೆ. ಅಪ್ಪ ಕಾರ್ಖಾನೆಯ ಶಿಫ್ಟ್ ಮುಗಿಸಿ, ಸೈಕಲ್ಲನ್ನು ಶಾಲೆಯ ಗ್ರೌಂಡಿನ ಬೇಲಿಗೆ ಒರಗಿಸಿ, ಖಾಕಿ ಅಂಗಿಯಲ್ಲೇ ಬಂದು ನಿಲ್ಲುತ್ತಿದ್ದ. ಮೆಷಿನ್ ಶಾಪಿನಲ್ಲಿ ಲೇತ್ ಮೇಲೆ ಕಬ್ಬಿಣ ಕಡೆಯುವ ಟರ್ನರ್ ಅವನು. ಮಗಳು ಗುಂಡು ಎಸೆತದಲ್ಲಿ ಜಿಲ್ಲೆಗೇ ಮೊದಲು ಬಂದಾಗ ಬೇಡವೆಂದು ಬಿಸಾಕಿದ ಕಬ್ಬಿಣದ ಉಂಡೆಯೊಂದನ್ನು ಲೇತಿಗೆ ಕೊಟ್ಟು, ಊಟದ ಬಿಡುವಿನಲ್ಲಿ ಸ್ವಲ್ಪ ಸ್ವಲ್ಪವೇ ಸವರಿ, ಗುಂಡಗೆ ಮಾಡಿ ತಂದಿದ್ದ. ಬೇಕೆಂದೇ ಪಂದ್ಯದ ಗುಂಡಿಗಿಂತ ಭಾರ ಮಾಡಿದ್ದ. "ಇದನ್ನ ಎಸ್ದು ಎಸ್ದು ರೂಢಿಯಾದ್ರೆ, ಅಲ್ಲಿ ಅವ್ರದ್ದು ನಿಂಬೆಹಣ್ಣು ಅನ್ಸುತ್ತೆ ನೋಡು!" ಆ ಮುಖದ ನಗು ಅವಳಿಗೆ ಇವತ್ತಿಗೂ ಕಾಣುತ್ತದೆ, ಕಂಡಾಗಲೆಲ್ಲ ಹೊಟ್ಟೆ ಉರಿಯುತ್ತದೆ. ಕೊಟ್ಟವನೂ ಅವನೇ, ಕಿತ್ತುಕೊಂಡವನೂ ಅವನೇ. ರಾಜ್ಯಮಟ್ಟಕ್ಕೆ ಹೆಸರು ಬಂದ ವಾರವೇ ಶಿವಮೊಗ್ಗದ ಟೈರ್ ಅಂಗಡಿಯವರಿಂದ ಸಂಬಂಧ ಬಂತು. ಹುಡುಗಿ ನೋಡಲು ಬರುವ ದಿನಕ್ಕೆ ತೋಳು ಮುಚ್ಚಲೆಂದು ಚಿಕ್ಕಮ್ಮ ಉದ್ದತೋಳಿನ ರವಿಕೆ ಹೊಲಿದಳು. ರವಿಕೆ ಹೊಲಿದ ದಿನವೇ ಗುಂಡು ಕಾಣೆಯಾಯಿತು. ಗ್ರೌಂಡಿನ ಪೊದೆಗಳಲ್ಲಿ, ಚರಂಡಿಯಲ್ಲಿ, ಸಂಜೆಯವರೆಗೂ ಹುಡುಕಿ ಅತ್ತಳು. ಯಾರೋ ಕದ್ದಿರಬೇಕು ಬಿಡು ಎಂದ ಅಪ್ಪ. ಮದುವೆಯಾಗಿ ಮೊದಲ ದೀಪಾವಳಿಗೆ ತವರಿಗೆ ಬಂದರೆ, ಅಡುಗೆಮನೆಯ ಮೂಲೆಯಲ್ಲಿ ಉಪ್ಪಿನಕಾಯಿ ಭರಣಿಯ ಮೇಲೆ ಬಟ್ಟೆ ಸುತ್ತಿಕೊಂಡು ಕೂತಿತ್ತು. ಜಯಶೀಲಾ ಅದನ್ನು ನೋಡಿದಳು, ಆಮೇಲೆ ಅಪ್ಪನನ್ನು ನೋಡಿದಳು. ಅಪ್ಪ ಪೇಪರ್ ಓದುತ್ತಿದ್ದ, ತಲೆ ಎತ್ತಲಿಲ್ಲ. ಅವಳೂ ಕೇಳಲಿಲ್ಲ. ಅಪ್ಪ ಸತ್ತಾಗ ಅಳುವಾಗಲೂ ಆ ಭರಣಿಯ ಕಡೆ ಬೆನ್ನು ಹಾಕಿಯೇ ಕೂತಿದ್ದಳು. ಬಸ್ಸು ಮಾಚೇನಹಳ್ಳಿಯಲ್ಲಿ ನಿಂತು ಅರ್ಧ ಖಾಲಿಯಾಯಿತು. ಅವಳು ಆಗಲೂ ಕೂರಲಿಲ್ಲ.

ನ್ಯೂ ಟೌನಿನ ಕ್ವಾರ್ಟರ್ಸ್ ತಲುಪುವಷ್ಟರಲ್ಲಿ ಶಿವಯೋಗಪ್ಪನ ಫೋನು ಅವಳಿಗಿಂತ ಮೊದಲೇ ಅಲ್ಲಿಗೆ ಮುಟ್ಟಿತ್ತು. ಜಂಬಣ್ಣ ಕಟ್ಟಿದ ಗಂಟುಮೂಟೆಗಳ ನಡುವೆ ಒಂದು ಕುರ್ಚಿಯನ್ನು ಒರೆಸಿ ಇಟ್ಟುಕೊಂಡು ಕಾಯುತ್ತಿದ್ದ. "ಬಾ, ಮೊದ್ಲು ಕೂತ್ಕೊ. ಭಾವ ಫೋನ್ ಮಾಡಿ ಕೂಗಾಡ್ತಾ ಇದಾರೆ, ನೀನಿಲ್ಲಿಗೆ ಬರ್ತೀಯ ಅಂತ ನಾನೇ ಹೇಳ್ದೆ. ಕೂರಿಸ್ಕೊಳ್ಳಿ, ಎಲ್ಲಿಗೂ ಬಿಡ್ಬೇಡಿ, ಸಂಜೆ ಕಾರ್ ಕಳಿಸ್ತೀನಿ ಅಂದ್ರು. ಯಾಕೆ ಹೀಗೆ ಹೇಳ್ದೆ ಕೇಳ್ದೆ ಬಂದೆ?" ಎಂದ. ತವರಿನಲ್ಲೂ ಕುರ್ಚಿ! ಜಯಶೀಲಾ ಅದನ್ನು ಸುತ್ತು ಹಾಕಿ ಅಡುಗೆಮನೆಗೆ ನಡೆದಳು. ಭರಣಿ ಅಲ್ಲೇ ಇತ್ತು, ಮೇಲೆ ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ಹಗ್ಗ ಬಿಗಿದ ಉಂಡೆ. ಅತ್ತಿಗೆ ವಿಶಾಲಮ್ಮ ಬೇಸರದಿಂದಲೇ ಹಗ್ಗ ಬಿಚ್ಚಿದಳು. "ಮಾವಿನಮಿಡಿ ಮೇಲೆ ಬರ್ದಂಗೆ ಒತ್ತೋಕೆ ಇದ್ರಷ್ಟು ಚಂದ ಯಾವ್ದೂ ಇಲ್ಲ ಜಯಾ. ನಿಂಗ್ಯಾಕೆ ಬೇಕು ಹೇಳು, ನಿಮ್ಮನೇಲಿ ಉಪ್ಪಿನಕಾಯಿ ಹಾಕೋದೇ ಬಿಟ್ಟಿದೀರಂತೆ." ಪ್ಲಾಸ್ಟಿಕ್ಕಿನೊಳಗೆ, ಅಲ್ಲಲ್ಲಿ ತುಕ್ಕು ಹಿಡಿದು ಒರಟಾಗಿದ್ದರೂ ಅದೇ ಗುಂಡು. ಅಪ್ಪನ ಲೇತು ಬಿಟ್ಟ ಸಣ್ಣ ಗೀರುಗಳು ಒಂದು ಬದಿಯಲ್ಲಿ ಇನ್ನೂ ಬೆರಳಿಗೆ ಸಿಗುತ್ತಿದ್ದವು. ಜಂಬಣ್ಣ ಬಾಗಿಲಿಗೆ ಬಂದು, "ಏ, ನೀನು ಎತ್ಬೇಡ ಮಾರಾಯ್ತಿ, ಅತ್ಲಾಗೆ ನಾನು..." ಎಂದು ಬಗ್ಗಿದವನು ಸೊಂಟ ಹಿಡಿದುಕೊಂಡು ಅರ್ಧಕ್ಕೇ ನಿಂತ. ಅವಳು ಕುಕ್ಕುರುಗಾಲಲ್ಲಿ ಕೂತು, ಗುಂಡನ್ನು ಎದೆಗವಚಿ, ತೊಡೆಯಿಂದ ಎದ್ದಳು. ಎದ್ದಾಗ ಕಣ್ಣು ಕತ್ತಲೆ ಬಂದಂತಾಯಿತು. ತೋರಿಸಿಕೊಳ್ಳಲಿಲ್ಲ. "ಅಪ್ಪ ಇದನ್ನ ಬಚ್ಚಿಟ್ಟಿದ್ದು ನಿಂಗೆ ಗೊತ್ತಿತ್ತಾ?" ಎಂದು ಕೇಳಿದಳು.

ಜಂಬಣ್ಣ ಸೊಂಟ ನೀವಿಕೊಳ್ಳುತ್ತ ನಕ್ಕ. "ಅಟ್ಟಕ್ಕೆ ಏಣಿ ಹಿಡ್ದಿದ್ದೇ ನಾನು. ಹಳೇ ಕಥೆ, ಬಿಡೆ. ಒಳ್ಳೇ ಕಡೆ ಸೇರಿದ್ಯಲ್ಲ, ಏನು ಕಮ್ಮಿ ಆಯ್ತು ಈಗ?"

ಏನು ಕಮ್ಮಿಯಾಯಿತೆಂದು ತೋರಿಸಲು ಅವಳು ಗುಂಡನ್ನು ಕಟ್ಟೆಯ ಮೇಲಿಟ್ಟು ಬಲಗೈಯನ್ನು ಮೇಲೆತ್ತಿದಳು. ಸಡಿಲವಾದ ಬಳೆಗಳು ಮಣಿಕಟ್ಟಿನಿಂದ ಮೊಣಕೈಯ ಕಡೆಗೆ ಜಾರಿದವು. ಅಣ್ಣನಿಗೆ ಅರ್ಥವಾಗಲಿಲ್ಲ. "ಬಳೆ ಚೆನ್ನಾಗಿದೆ" ಎಂದ. ಇವನ ಹತ್ತಿರ ಬೇರೆ ಮಾತೇ ಬೇಡವೆಂದು ಗುಂಡನ್ನು ಚೀಲಕ್ಕಿಳಿಸಿ, ಅತ್ತಿಗೆ ಕೊಟ್ಟ ಮಜ್ಜಿಗೆಯನ್ನು ನಿಂತೇ ಕುಡಿದು ಹೊರಟಳು. ಹಿಂದಿನಿಂದ ಇಬ್ಬರೂ ಕೂಗುತ್ತಿದ್ದರು, ಕಾರು ಬರುತ್ತೆ ಇರೇ, ಬಿದ್ದುಗಿದ್ದರೆ ನಮ್ಮ ತಲೆಗೆ ಬರುತ್ತೆ ಎಂದು.

ಶಾಲೆಯ ಗ್ರೌಂಡಿನಲ್ಲಿ ಯಾರೂ ಇರಲಿಲ್ಲ. ಮಧ್ಯಾಹ್ನದ ಬಿಸಿಲು ನೆತ್ತಿಗೆ ಹೊಡೆಯುತ್ತಿತ್ತು. ಸುಣ್ಣದ ವೃತ್ತವಿದ್ದ ಜಾಗದಲ್ಲಿ ಈಗ ಗಿಡಗಂಟಿ. ಅವಳು ಚೀಲವನ್ನು ಕೆಳಗಿಟ್ಟು, ಗುಂಡನ್ನು ತೆಗೆದು, ಎರಡೂ ಕೈಯಿಂದ ಎತ್ತಿ ಕತ್ತಿನ ಬುಡಕ್ಕೆ, ದವಡೆಯ ಕೆಳಗೆ ಆನಿಸಿಕೊಂಡಳು. ಬಿಸಿಲಿಗೆ ಆಗಲೇ ಕಾದಿದ್ದ ಕಬ್ಬಿಣ ಚರ್ಮಕ್ಕೆ ಚುರುಕ್ಕೆಂದಿತು. ಎಡಗೈ ಬಿಟ್ಟಳು. ಬಲಗೈ ಒಂದು ಗಳಿಗೆ ಹೊತ್ತಿತು, ಇನ್ನೊಂದು ಗಳಿಗೆ, ಆಮೇಲೆ ಮೊಣಕೈ ನಡುಗಿ ನಡುಗಿ ಕೆಳಗೆ ಬಂತು. ಗುಂಡು ಕಾಲಿನ ಪಕ್ಕಕ್ಕೇ ದೊಪ್ಪನೆ ಬಿತ್ತು. ಹೆಬ್ಬೆರಳಿಗೆ ಒಂದಂಗುಲದಲ್ಲಿ. ಎಸೆಯುವ ಮಾತಿರಲಿ, ಹಿಡಿಯಲೂ ಆಗಲಿಲ್ಲ. ನಾಚಿಕೆಯಿಂದ ಅವಳು ಸುತ್ತ ನೋಡಿದಳು. ಬೇಲಿಯ ಹತ್ತಿರ ಸೈಕಲ್ಲಿರಲಿಲ್ಲ, ಖಾಕಿ ಅಂಗಿಯಿರಲಿಲ್ಲ. ಇದ್ದಿದ್ದರೆ ಹೋಗಿ ಆ ಅಂಗಿಯ ಕಾಲರು ಹಿಡಿಯುತ್ತಿದ್ದಳು. ನನ್ನ ಮೂಳೆ ಕಾರಣವಿಲ್ಲದೆ ಟೊಳ್ಳಾಗಲಿಲ್ಲ ಅಪ್ಪ, ನೀವೆಲ್ಲ ಸೇರಿ ಅದಕ್ಕೆ ಕೆಲಸ ಕೊಡದೆ ಟೊಳ್ಳು ಮಾಡಿದಿರಿ, ಈಗ ಟೊಳ್ಳಾಗಿದೆ ಅಂತ ಕೂರಿಸುತ್ತೀರಿ. ಹಾಗೆ ಗಟ್ಟಿಯಾಗಿಯೇ ಅಂದಳೋ ಏನೋ, ಮರದಲ್ಲಿದ್ದ ಕಾಗೆ ಎದ್ದು ಹೋಯಿತು. ಡಾಕ್ಟರು ಸಣ್ಣದರಿಂದ ಶುರು ಮಾಡಿ ಎಂದಿದ್ದರು. ಗುಂಡನ್ನು ಎದೆಗವಚಿಕೊಂಡು ಅವಳು ಮೆಲ್ಲಗೆ ಕೂತಳು, ಮೆಲ್ಲಗೆ ಎದ್ದಳು. ಮತ್ತೆ ಕೂತಳು, ಎದ್ದಳು. ತೊಡೆ ಉರಿಯತೊಡಗಿತು. ಹಳೆಯ ಉರಿ, ಗುರುತಿದ್ದದ್ದು. ಬೆವರು ಕಣ್ಣಿಗೆ ಇಳಿದಾಗ ನಿಲ್ಲಿಸಿ, ಚೀಲ ಹೆಗಲಿಗೇರಿಸಿಕೊಂಡು ಬಸ್ಸಿಗೆ ನಡೆದಳು. ಈ ಸಲ ಸೀಟು ಸಿಕ್ಕಿತು, ಕೂತಳು. ಗುಂಡು ಶಿವಮೊಗ್ಗದವರೆಗೂ ತೊಡೆಯ ಮೇಲಿತ್ತು.

ಮನೆ ಮುಟ್ಟಿದಾಗ ಸಂಜೆಯಾಗುತ್ತಿತ್ತು. ಹಾಲ್‌ನಲ್ಲಿ ಶಿವಯೋಗಪ್ಪ ಅಂಗಡಿ ಬಿಟ್ಟು ಬಂದು ಶತಪಥ ಹಾಕುತ್ತಿದ್ದ. ಮಲ್ಲಿಕ್ ಕಾರು ತೆಗೆದುಕೊಂಡು ಭದ್ರಾವತಿಗೆ ಹೋಗಿಯಾಗಿತ್ತು, ದಾರಿಯಲ್ಲಿ ಬಸ್ಸೂ ಕಾರೂ ಎದುರುಬದುರಾಗಿ ದಾಟಿರಬೇಕು. ರಶ್ಮಿ ಅತ್ತು ಮೂಗು ಕೆಂಪು ಮಾಡಿಕೊಂಡಿದ್ದಳು. "ಬುದ್ಧಿ ಇದೆಯೇನೆ ನಿಂಗೆ? ಊರೆಲ್ಲ ಫೋನ್ ಮಾಡಿ ಸಾಯ್ತಾ ಇದೀವಿ ಇಲ್ಲಿ! ಬಸ್ಸಲ್ಲಿ ಬಿದ್ದಿದ್ರೆ? ತಾ ಇಲ್ಲಿ ಆ ಚೀಲ, ಏನದು ಅಷ್ಟು ಭಾರ?" ಎಂದು ಶಿವಯೋಗಪ್ಪ ಕೈ ಚಾಚಿದ. ಜಯಶೀಲಾ ಚೀಲ ಕೊಡಲಿಲ್ಲ. "ಬೀಗದ ಕೈ ಕೊಡಿ" ಎಂದಳು.

"ಮೊದ್ಲು ಕೂತ್ಕೊ. ರಶ್ಮಿ, ಕುರ್ಚಿ ತಾ."

"ಬೀಗದ ಕೈ."

"ಕೊಡಲ್ಲ! ಏನ್ ಮಾಡ್ತೀಯ? ಅವ್ವ ಹೇಗೆ ಸತ್ಲು ಅಂತ ನೋಡಿದೀನಿ ನಾನು. ನಿನ್ನೂ ಹಾಗೆ ನೋಡೋಕೆ ನನ್ನ ಕೈಲಿ ಆಗಲ್ಲ." ಅವನ ಕಣ್ಣು ತುಂಬಿತ್ತು.

"ಹೌದ್ರಿ, ನೀವು ನೋಡಿದ್ರಿ. ಬಾಗಿಲಲ್ಲಿ ನಿಂತು ನೋಡಿದ್ರಿ. ಎತ್ತಿದ್ದು ಈ ಕೈ." ಅವಳ ದನಿ ಅವಳಿಗೇ ಗುರುತು ಸಿಗಲಿಲ್ಲ. "ಕೂರಿಸಿ ಕೂರಿಸಿಯೇ ನಿಮ್ಮವ್ವನ್ನ ಕೊಂದಿದ್ದು ನಾವು. ನಾನೂ ಸೇರಿ. ನನ್ನ ಹಾಗೆ ಕೂರಿಸೋಕೆ ಬಿಡಲ್ಲ."

ರಶ್ಮಿ ಎರಡೂ ಕೈಯಲ್ಲಿ ಕುರ್ಚಿ ಹಿಡಿದುಕೊಂಡು ಯಾರ ಕಡೆ ನೋಡಬೇಕೆಂದು ತಿಳಿಯದೆ ನಿಂತಿದ್ದಳು. ಜಯಶೀಲಾ ಅವರಿಬ್ಬರನ್ನೂ ದಾಟಿ ಮೆಟ್ಟಿಲ ಬುಡಕ್ಕೆ ಹೋಗಿ, ಚೀಲದಿಂದ ಗುಂಡನ್ನು ತೆಗೆದಳು. ಪಾದ ಅಗಲಿಸಿದಳು, ಮೊಣಕಾಲು ಬಗ್ಗಿಸಿದಳು. ಮೊದಲ ಏಟು ಜಾರಿ ಬಾಗಿಲ ಮರಕ್ಕೆ ಬಿತ್ತು, ಮನೆಯೆಲ್ಲ ಗುಡುಗಿತು. "ಜಯಾ! ಬೇಡ ಕಣೆ! ಕೊಡ್ತೀನಿ ತಡಿ!" ಎಂದು ಶಿವಯೋಗಪ್ಪ ಜೇಬಿಗೆ ಕೈ ಹಾಕಿದ. ಅವಳಿಗೆ ಈಗ ಅವನು ಕೊಡುವುದು ಬೇಕಿರಲಿಲ್ಲ. ಗುಂಡನ್ನು ಹೆಗಲೆತ್ತರಕ್ಕೆ ಎತ್ತಿ, ನಲವತ್ತು ವರ್ಷದ ಸಿಟ್ಟನ್ನೆಲ್ಲ ಬಲತೋಳಿಗೆ ತಂದು, ಬೀಗದ ಮೇಲೆ ಅಪ್ಪಳಿಸಿದಳು.

ಕಟಕ್ಕೆಂದಿತು. ಮೂವರಿಗೂ ಕೇಳಿಸಿತು. ಗುಂಡು ಉರುಳುತ್ತ ಗೋಡೆಗೆ ತಾಗಿ ನಿಂತಿತು. ಜಯಶೀಲಾ ಬಾಗಿಲನ್ನು ನೋಡಲಿಲ್ಲ, ತನ್ನ ಬಲಗೈಯನ್ನು ನೋಡಿದಳು. ಬಳೆಗಳು ಒಡೆದು ಚೂರುಚೂರಾಗಿ ನೆಲಕ್ಕೆ ಬಿದ್ದಿದ್ದವು, ಮಣಿಕಟ್ಟಿನಿಂದ ರಕ್ತದ ಸಣ್ಣ ಗೆರೆಯೊಂದು ಅಂಗೈಗೆ ಇಳಿಯುತ್ತಿತ್ತು. ಬೆರಳುಗಳನ್ನು ಒಂದೊಂದಾಗಿ ಮಡಚಿದಳು, ಬಿಚ್ಚಿದಳು. ಎಲ್ಲವೂ ಹೇಳಿದಂತೆ ಕೇಳಿದವು. ಮಣಿಕಟ್ಟನ್ನು ತಿರುಗಿಸಿದಳು, ತಿರುಗಿತು. ಆಮೇಲೆ ತಲೆಯೆತ್ತಿ ನೋಡಿದರೆ ಬೀಗವೇನೂ ಒಡೆದಿರಲಿಲ್ಲ. ಹಳೆಯ ಮರದಿಂದ ಕೊಂಡಿಯೇ ಕಿತ್ತು ಬಂದು, ಬೀಗ ಅದರ ಜೊತೆ ಜೋಲುತ್ತಿತ್ತು. ಶಿವಯೋಗಪ್ಪ ಬೀಗದ ಕೈಯನ್ನು ಅಂಗೈಯಲ್ಲಿಟ್ಟುಕೊಂಡು ನಿಂತಿದ್ದ. "ಮುರೀಲಿಲ್ವಾ?" ಎಂದು ಸಣ್ಣ ದನಿಯಲ್ಲಿ ಕೇಳಿದ. ಬೀಗದ ಬಗ್ಗೆ ಕೇಳಿದನೋ ತನ್ನ ಮೂಳೆಯ ಬಗ್ಗೆಯೋ ಎಂದು ಅವಳು ಯೋಚಿಸಲಿಲ್ಲ. ಬಾಗಿಲು ದೂಡಿ, ಗೋಡೆಗೆ ಕೈಯಾನಿಸಿ, ಒಂದೊಂದೇ ಮೆಟ್ಟಿಲು ಹತ್ತಿದಳು.

ಮೇಲೆ ಬಿಸಿಲು ಹೋಗಿಯಾಗಿತ್ತು. ತಾರಸಿಯ ನೆಲ ಮಾತ್ರ ಇನ್ನೂ ಬೆಚ್ಚಗಿತ್ತು. ಅವಳು ಚಪ್ಪಲಿಯಿಲ್ಲದ ಕಾಲಲ್ಲಿ ಆ ತುದಿಯಿಂದ ಈ ತುದಿಗೆ ನಡೆಯತೊಡಗಿದಳು. ತೊಡೆ ಇನ್ನೂ ನಡುಗುತ್ತಿತ್ತು, ಸಿಟ್ಟು ಇನ್ನೂ ಇಳಿದಿರಲಿಲ್ಲ. ಇಳಿಯಲಿ ಎಂದು ಅವಳಿಗೆ ಅನ್ನಿಸಲೂ ಇಲ್ಲ. ಸ್ವಲ್ಪ ಹೊತ್ತಿನ ಮೇಲೆ ರಶ್ಮಿ ಹತ್ತಿ, ಅರಿಸಿನದ ಬಟ್ಟಲು ಹಿಡಿದುಕೊಂಡು ಬಂದಳು. ಕುರ್ಚಿ ತಂದಿರಲಿಲ್ಲ. ಅತ್ತೆಯ ಕೈ ಹಿಡಿದು, ಚರ್ಮಕ್ಕೆ ಚುಚ್ಚಿದ್ದ ಹಸಿರು ಗಾಜಿನ ಚೂರನ್ನು ಉಗುರಿನಿಂದ ಮೆಲ್ಲಗೆ ತೆಗೆದು, ಅರಿಸಿನ ಒತ್ತಿದಳು. "ಮಾವ ಕೆಳಗೆ ಮೆಟ್ಲ ಮೇಲೆ ಕೂತಿದಾರೆ ಅತ್ತೆ. ಏನೂ ಮಾತಾಡ್ತಿಲ್ಲ," ಎಂದಳು. ಅರಿಸಿನವನ್ನು ಇನ್ನಷ್ಟು ಒತ್ತುತ್ತ ಕೇಳಿದಳು, "ನಾಳೆ ಹೋಗಿ ಬೇರೆ ಬಳೆ ತರ್ತೀನಿ. ಇದೇ ಸೈಜ್ ತರ್ಲಾ?"

"ಎಡಗೈಗೆ ಇದೇ ತಾ. ಬಲಗೈಗೆ ಒಂದು ಸೈಜ್ ದೊಡ್ಡದು."

"ಲೂಸಾಗುತ್ತಲ್ಲ ಅತ್ತೆ?"

"ಆಗ್ಲಿ," ಎಂದಳು ಜಯಶೀಲಾ, ಕೈ ಬಿಡಿಸಿಕೊಂಡು ಮತ್ತೆ ನಡೆಯುತ್ತ. "ನೀನು ತಾ."